ಅಂಗಿಯ ಬಣ್ಣ ನೋಡಿ ಬೆಡಗು ಹೇಳಬೇಡಿ

ಪ್ರಿಯ ಲೇಖಕರೇ,

ಹಾನಗಲ್‌ನಿಂದ ನೀವು ಕಳುಹಿಸಿದ ‘ಕಂದು ಚಿಟ್ಟೆಗಳ ಲೋಕ’ ಲೇಖನ ತಲುಪಿತು. ಎರಡು ಸಲ ಓದಿದೆ. ಹೀಗೇ ಅಚ್ಚಿಗೆ ಕೊಡಲಾರೆ. ಮರಳಿ ಕಳುಹಿಸಿ ಕೈತೊಳೆದುಕೊಳ್ಳಲೂ ಮನಸ್ಸು ಬರಲಿಲ್ಲ. ಅದಕ್ಕೆ ಕಾರಣ ಒಂಬತ್ತನೆಯ ಪುಟ.

ಮೊದಲ ಮೂರು ಪುಟ ಪ್ರಕೃತಿಮಾತೆಯ ಮಡಿಲಿಗೂ ಬಣ್ಣಗಳ ಚಿತ್ತಾರಕ್ಕೂ ಹೋಗಿವೆ. ತೆಗೆದುಬಿಡಿ. ತರಗೆಲೆಯಲ್ಲಿ ಮರೆಯಾಗಿ ಬದುಕುವ ಜೀವಿಗೆ ಚಿತ್ತಾರದ ಹಂಗೇಕೆ?

ವರ್ಗೀಕರಣದಲ್ಲಿ ಎಡವಿದ್ದೀರಿ. ಕಾಮನ್ ಕ್ರೋ, ಚಾಕೊಲೇಟ್ ಪ್ಯಾನ್ಸಿ ಚಿಟ್ಟೆಗಳೆರಡನ್ನೂ ಕಂದುಗಳ ಪಟ್ಟಿಗೆ ಸೇರಿಸಿದ್ದೀರಿ. ಬಣ್ಣವೇನೋ ಕಂದೇ. ಆದರೆ ಕ್ರೋ ಡನೈನೆ ಉಪಕುಟುಂಬದ್ದು, ಪ್ಯಾನ್ಸಿ ನಿಂಫಾಲಿನೆಯದು. ಚಿಟ್ಟೆ ಬಲ್ಲವರು ‘ಬ್ರೌನ್’ ಎನ್ನುವುದು ಸ್ಯಾಟಿರಿನೆ ಬಳಗಕ್ಕೆ. ಯುರೋಪಿನ ಮಾರ್ಬಲ್ಡ್ ವೈಟ್ ಕಪ್ಪು-ಬಿಳುಪಿನದಾದರೂ ಇದೇ ಬಳಗದ್ದು. ಅಂಗಿಯ ಬಣ್ಣ ನೋಡಿ ಯಾರಾದರೂ ಬೆಡಗು, ಅಂದರೆ ಕುಲದ ಕವಲು, ಹೇಳುತ್ತಾರೆಯೇ?

ನಾಲ್ಕನೆಯ ಪುಟದಲ್ಲಿ ‘ಸ್ಯಾಟಿರಿಡೆ ಕುಟುಂಬ’, ಏಳನೆಯದರಲ್ಲಿ ‘ಸ್ಯಾಟಿರಿನೆ ಉಪಕುಟುಂಬ’. ಹಳೆಯ ಪುಸ್ತಕಗಳು ಅದನ್ನು ಪ್ರತ್ಯೇಕ ಕುಟುಂಬವೆಂದವು. ಈಗ ಅದು ನಿಂಫಾಲಿಡೆ ಎಂಬ ದೊಡ್ಡ ಕುಟುಂಬದ ಒಳಗಿದೆ. ಎರಡು ಕಾಲದ ಪುಸ್ತಕಗಳಿಂದ ಎತ್ತಿಕೊಂಡು ಹೊಲಿಗೆ ಹಾಕಿದ್ದು ಕಾಣುತ್ತದೆ. ‘ನಾಲ್ಕೇ ಕಾಲಿನ ಮೇಲೆ ನಿಲ್ಲುವುದು ಕಂದುಗಳ ಲಕ್ಷಣ’ ಎಂದಿದ್ದೀರಿ. ಮುಂಗಾಲು ಕುಗ್ಗಿರುವುದು ಇಡೀ ನಿಂಫಾಲಿಡೆಯ ಗುರುತು, ಕ್ರೋಗೂ ಅದು ಉಂಟು. ಮುಂದಿನ ರೆಕ್ಕೆಯ ಬುಡದಲ್ಲಿ ಉಬ್ಬಿದ ನರವಿದೆಯೇ ನೋಡಿ. ಬಹುಪಾಲು ಕಂದುಗಳಲ್ಲಿ ಸಿಗುತ್ತದೆ. ಕಂಬಳಿಹುಳುವನ್ನೂ ನೋಡಿ: ಹೆಚ್ಚಿನವು ಹುಲ್ಲು, ಬಿದಿರು, ತಾಳೆ ಜಾತಿಯ ಗಿಡಗಳನ್ನು ತಿನ್ನುತ್ತವೆ, ಬಾಲದ ತುದಿ ಎರಡಾಗಿ ಸೀಳಿರುತ್ತದೆ.

ಇನ್ನು ಒಂಬತ್ತನೆಯ ಪುಟ. ‘ಸಂಜೆ ಪಡಸಾಲೆಯ ದೀಪಕ್ಕೆ ಒಣಎಲೆಯೊಂದು ಹಾರಿಬಂದು ಗೋಡೆಗೆ ಕುಳಿತಿತು’ ಎಂದು ಬರೆದಿದ್ದೀರಿ. ಇಡೀ ಲೇಖನದಲ್ಲಿ ನೀವೇ ಕಣ್ಣಾರೆ ಕಂಡು ಬರೆದ ವಾಕ್ಯ ಇದೊಂದೇ. (ನಾನೂ ಒಮ್ಮೆ ಇಲ್ಲಿನ ಸಾಧನಕೇರಿ ಕೆರೆಯ ದಂಡೆಯಲ್ಲಿ ಮೊಣಕಾಲೂರಿ ಇದೇ ಚಿಟ್ಟೆಯ ಹತ್ತಾರು ಫೋಟೊ ತೆಗೆದೆ. ಮನೆಗೆ ಬಂದು ನೋಡಿದರೆ ನಿಜಕ್ಕೂ ಎಲೆ.) ಅದರ ಕೆಳಗೆ ಆಗಸ್ಟ್‌ನ ಫೋಟೊ, ಫೆಬ್ರವರಿಯ ಫೋಟೊ, ‘ಎರಡು ಪ್ರಭೇದಗಳು’ ಎಂಬ ಶೀರ್ಷಿಕೆ. ಎರಡೂ ಒಂದೇ: ಕಾಮನ್ ಈವ್ನಿಂಗ್ ಬ್ರೌನ್, ಜೀವವಿಜ್ಞಾನಿ ಲಿನೇಯಸ್ 1758ರಲ್ಲಿ ವಿವರಿಸಿದ ಮೆಲಾನೈಟಿಸ್ ಲೀಡಾ. ಮಳೆಗಾಲದ್ದಕ್ಕೆ ರೆಕ್ಕೆಯ ಅಡಿಯಲ್ಲಿ ಸ್ಪಷ್ಟ ಕಣ್ಚುಕ್ಕೆಗಳು. ಮಳೆಯಿಲ್ಲದ ಕಾಲದ್ದಕ್ಕೆ ಅವು ಮಸುಕಾಗಿ, ರೆಕ್ಕೆಯ ತುದಿ ಮೊನಚಾಗಿ, ಥೇಟ್ ಎಲೆ. ಅಂಚಿನ ಚುಕ್ಕೆಗೆ ಹಕ್ಕಿ ಕುಕ್ಕಿದರೆ ರೆಕ್ಕೆ ಹರಿದರೂ ಜೀವ ಉಳಿಯುತ್ತದೆ. ಹಸಿರು ಬತ್ತಿದ ಮೇಲೆ ಅಲುಗಾಡದೆ ಅಡಗುವುದೇ ಲೇಸು. ಈ ಬಳಗದ್ದೇ ಆದ ಆಫ್ರಿಕಾದ ಬೈಸೈಕ್ಲಸ್ ಅನೈನಾನ ಎಂಬ ಚಿಟ್ಟೆಯಲ್ಲಿ, ಹುಳುವಾಗಿದ್ದಾಗಿನ ತಾಪಮಾನ ನೋಡಿ ಚುಕ್ಕೆಯ ಗಾತ್ರ ನಿಶ್ಚಯವಾಗುತ್ತದೆ. ನೀವು ತಪ್ಪೆಂದು ತಿಳಿಯದೆ ಇಟ್ಟ ಆ ಎರಡು ಫೋಟೊಗಳೇ ನಿಮ್ಮ ಲೇಖನ.

ಈವ್ನಿಂಗ್ ಬ್ರೌನ್‌ನ ಹುಳು ಭತ್ತದ ಎಲೆಯನ್ನೂ ತಿನ್ನುತ್ತದೆ. ಹಸಿರು ಮೈ, ತಲೆಯ ಮೇಲೆ ಜೋಡಿ ಕೊಂಬು. ಗದ್ದೆ ನಿಮ್ಮ ಮನೆಯ ಪಕ್ಕದಲ್ಲೇ ಇದೆಯಂತಲ್ಲ. ಸಿಕ್ಕರೆ ಬಾಟಲಿಯಲ್ಲಿಟ್ಟು ದಿನವೂ ಹೊಸ ಎಲೆ ಹಾಕಿ, ಕಂಡದ್ದನ್ನು ತಾರೀಖಿನೊಡನೆ ಬರೆದಿಡಿ. ದೀಪದಿಂದ ಶುರುಮಾಡಿ, ನಾಲ್ಕು ಪುಟ ಮೀರದಂತೆ ಬರೆದು, ಭತ್ತದ ಕೊಯ್ಲಿನೊಳಗೆ ಕಳುಹಿಸಿ. ಫೋಟೊಗಳನ್ನು ನನ್ನ ಬಳಿಯೇ ಇಟ್ಟುಕೊಂಡಿದ್ದೇನೆ.

ನಿಮ್ಮ,
ಸಂಪಾದಕ
ಧಾರವಾಡ