ಫ್ಯಾಟಿ ಆಸಿಡ್ ಸರ್ಟಿಫಿಕೇಟ್‌ನಲ್ಲಿ ‘ಟೈಟರ್ 45 ಡಿಗ್ರಿ’ ಅಂದರೆ ಏನು?

ನಿಮ್ಮ ಪ್ರಶ್ನೆ ಇದು: ಮನೆಯಲ್ಲೇ ಸೋಪು ಮಾಡಿ ಮಾರಲು ಶುರು ಮಾಡಿದ್ದೀರಿ. ಪೀಣ್ಯದಿಂದ ತಂದ ಪಾಮ್ ಡಿಎಫ್‌ಎ (ಡಿಸ್ಟಿಲ್ಡ್ ಫ್ಯಾಟಿ ಆಸಿಡ್) ಜೊತೆ ಒಂದು ಟೆಸ್ಟ್ ಸರ್ಟಿಫಿಕೇಟ್ ಬಂದಿದೆ. ಅದರಲ್ಲಿ ‘ಟೈಟರ್: 45 ಡಿಗ್ರಿ ಸೆಲ್ಸಿಯಸ್’ ಎಂದು ಬರೆದಿದೆ. ಪಿಯುಸಿ ಓದುವ ಮಗಳು ಟೈಟರ್ ಅಂದರೆ ಎಂಎಲ್ ಲೆಕ್ಕ, ಡಿಗ್ರಿ ಹೇಗೆ ಬರುತ್ತದೆ ಎಂದು ಕೇಳುತ್ತಿದ್ದಾಳೆ. ನೆಟ್‌ನಲ್ಲಿ ಹುಡುಕಿದರೆ ಟೈಫಾಯ್ಡ್ ರಕ್ತ ಪರೀಕ್ಷೆ ಬರುತ್ತಿದೆ. ಸರ್ಟಿಫಿಕೇಟ್ ತಪ್ಪಾಗಿ ಪ್ರಿಂಟ್ ಆಗಿದೆಯಾ?

ತಪ್ಪಾಗಿಲ್ಲ. ನಿಮ್ಮ ಮಗಳು ಹೇಳಿದ್ದೂ ಸರಿ, ಸರ್ಟಿಫಿಕೇಟ್‌ನಲ್ಲಿ ಇರುವುದೂ ಸರಿ. ಟೈಟರ್ ಎನ್ನುವ ಹೆಸರನ್ನು ಬೇರೆ ಬೇರೆ ಕಸುಬಿನವರು ಬೇರೆ ಬೇರೆ ಅಳತೆಗೆ ಬಳಸುತ್ತಾರೆ. ಅದಕ್ಕೇ ಟೈಟರ್ ಅಂತ ಎಲ್ಲಿ ಕಂಡರೂ ಮೊದಲು ಅದರ ಪಕ್ಕದ ಯೂನಿಟ್ ನೋಡಿ. ಎಂಎಲ್ ಇದೆಯಾ, ಡಿಗ್ರಿ ಇದೆಯಾ, 1:160 ತರಹದ ಅನುಪಾತ ಇದೆಯಾ, ಅಥವಾ ಯೂನಿಟ್ಟೇ ಇಲ್ಲವಾ? ಯಾವ ಟೈಟರ್ ಎಂದು ಅದೇ ಹೇಳುತ್ತದೆ. ನಾನು ಎಣ್ಣೆ, ಸೋಪಿನ ಲ್ಯಾಬ್‌ನಲ್ಲಿ ಕೆಲಸ ಮಾಡಿದವನು. ಹಾಗಾಗಿ ನಿಮ್ಮ ಟೈಟರ್ ಬಗ್ಗೆಯೇ ಜಾಸ್ತಿ ಬರೆಯುತ್ತೇನೆ.

ಕೊಬ್ಬಿನ ಟೈಟರ್ ಅಂದರೆ ಆ ಎಣ್ಣೆಯಲ್ಲಿರುವ ಫ್ಯಾಟಿ ಆಸಿಡ್‌ಗಳು ಗಟ್ಟಿಯಾಗುವ ಉಷ್ಣತೆ. ಇಲ್ಲಿ ಒಂದು ಸೂಕ್ಷ್ಮ ಇದೆ. ಎಣ್ಣೆ ಗಟ್ಟಿಯಾಗುವ ಉಷ್ಣತೆಯೇ ಬೇರೆ, ಅದರಿಂದ ಬಿಡಿಸಿ ತೆಗೆದ ಆಸಿಡ್‌ಗಳು ಗಟ್ಟಿಯಾಗುವ ಉಷ್ಣತೆಯೇ ಬೇರೆ. ಡಿಸೆಂಬರ್ ಬೆಳಿಗ್ಗೆ ಬೆಂಗಳೂರಿನ ಮನೆಗಳಲ್ಲಿ ಕೊಬ್ಬರಿ ಎಣ್ಣೆ ಬಾಟಲಿಯಲ್ಲೇ ಹೆಪ್ಪುಗಟ್ಟುತ್ತದೆ ಅಲ್ವಾ? ಅದು ಟೈಟರ್ ಅಲ್ಲ, ಅದು ಇಡೀ ಎಣ್ಣೆ ಗಟ್ಟಿಯಾಗಿದ್ದು. ಎಣ್ಣೆಯಲ್ಲಿ ಮೂರು ಫ್ಯಾಟಿ ಆಸಿಡ್‌ಗಳು ಒಂದು ಗ್ಲಿಸರಿನ್‌ಗೆ ಅಂಟಿಕೊಂಡಿರುತ್ತವೆ. ಹಾಗೆ ಅಂಟಿರುವಾಗ ಅವು ಒಂದಕ್ಕಿಂತ ಹೆಚ್ಚು ಬಗೆಯ ಹರಳುಗಳಾಗಿ ಕೂರಬಲ್ಲವು. ಬೇಗ ತಣಿಸಿದರೆ ಒಂದು ಬಗೆ, ನಿಧಾನವಾಗಿ ತಣಿಸಿದರೆ ಇನ್ನೊಂದು. ಒಂದೇ ಡಬ್ಬದ ಎಣ್ಣೆ ಎರಡು ಉತ್ತರ ಕೊಟ್ಟರೆ ಅದನ್ನು ನಂಬಿ ವ್ಯಾಪಾರ ಮಾಡುವುದು ಕಷ್ಟ. ಆಸಿಡ್‌ಗಳನ್ನು ಬಿಡಿಸಿಕೊಂಡು ಅಳೆದರೆ ಉತ್ತರ ಒಂದೇ ಕಡೆ ನಿಲ್ಲುತ್ತದೆ.

ಪರೀಕ್ಷೆ ಹೀಗೆ ನಡೆಯುತ್ತದೆ. ಎಣ್ಣೆಯನ್ನು ಕ್ಷಾರ ಹಾಕಿ ಕಾಯಿಸಿ ಪೂರ್ತಿ ಸೋಪು ಮಾಡಬೇಕು. ಆ ಸೋಪಿಗೆ ತೆಳು ಸಲ್ಫ್ಯೂರಿಕ್ ಆಸಿಡ್ ಹಾಕಿದರೆ ಫ್ಯಾಟಿ ಆಸಿಡ್‌ಗಳು ಬಿಡಿಸಿಕೊಂಡು ಮೇಲೆ ತೇಲುತ್ತವೆ. ಅವನ್ನು ಬಿಸಿನೀರಿನಲ್ಲಿ ತೊಳೆದು, ಸೋಸಿ, ನೀರಿನ ಪಸೆ ಹೋಗುವ ತನಕ ಒಣಗಿಸಬೇಕು. ನಿಮ್ಮದು ಡಿಎಫ್‌ಎ, ಅಂದರೆ ಈಗಾಗಲೇ ಬಿಡಿಸಿ ಬಟ್ಟಿ ಇಳಿಸಿದ ಆಸಿಡ್. ಆದ್ದರಿಂದ ಈ ಹಂತ ಬೇಕಾಗುವುದಿಲ್ಲ, ಕರಗಿಸಿ ಒಣಗಿಸಿದರೆ ಸಾಕು. ಆಮೇಲೆ ಅದನ್ನು ದಪ್ಪ ಗಾಜಿನ ಕೊಳವೆಗೆ ಹಾಕಿ, ಸುತ್ತ ಗಾಳಿ ಇರುವಂತೆ ಒಂದು ಅಗಲ ಬಾಯಿಯ ಬಾಟಲಿಯಲ್ಲಿ ಇಳಿಬಿಟ್ಟು, ಇಡೀ ಬಾಟಲಿಯನ್ನು ತಂಪು ನೀರಿನಲ್ಲಿ ಇಡುತ್ತಾರೆ. ಥರ್ಮಾಮೀಟರ್ ನೋಡುತ್ತಾ ಒಂದೇ ವೇಗದಲ್ಲಿ ಕಲಕುತ್ತಾ ಇರಬೇಕು. ಉಷ್ಣತೆ ಇಳಿಯುತ್ತಾ ಬಂದು ಒಂದು ಕಡೆ ನಿಲ್ಲುತ್ತದೆ. ಕಲಕುವುದನ್ನು ಅಲ್ಲಿಗೆ ಬಿಡಬೇಕು. ಆಗ ಉಷ್ಣತೆ ಇಳಿಯುವ ಬದಲು ಸ್ವಲ್ಪ ಮೇಲೇರುತ್ತದೆ! ದ್ರವ ಹರಳಾಗುವಾಗ ಒಳಗಿದ್ದ ಶಾಖ ಹೊರಗೆ ಬರುವುದರಿಂದ ಹೀಗಾಗುತ್ತದೆ. ಹಾಗೆ ಏರಿ ಮುಟ್ಟಿದ ಅತಿ ಮೇಲಿನ ಅಂಕಿಯೇ ಟೈಟರ್. ಎಷ್ಟು ಸಲ ನೋಡಿದರೂ ಆ ಏರಿಕೆ ನನಗೆ ಖುಷಿ ಕೊಡುತ್ತದೆ.

ಈ ಅಂಕಿಯಿಂದ ಸೋಪಿನವರಿಗೆ ಏನು ಗೊತ್ತಾಗುತ್ತದೆ? ಗಟ್ಟಿ ಆಸಿಡ್ ಎಷ್ಟಿದೆ, ಮೆತ್ತನೆಯದು ಎಷ್ಟಿದೆ ಎನ್ನುವುದು. ಶುದ್ಧ ಸ್ಟಿಯರಿಕ್ ಆಸಿಡ್ ಸುಮಾರು 69 ಡಿಗ್ರಿಗೆ ಕರಗುತ್ತದೆ. ಪಾಮಿಟಿಕ್ ಸುಮಾರು 63ಕ್ಕೆ. ಒಲಿಯಿಕ್ ಸುಮಾರು 13ಕ್ಕೇ ಕರಗುತ್ತದೆ, ಹಾಗಾಗಿ ನಮ್ಮ ಊರಿನ ಹವೆಯಲ್ಲಿ ಸಾಮಾನ್ಯವಾಗಿ ನೀರಾಗಿಯೇ ಇರುತ್ತದೆ. ಪಾಮ್ ಎಣ್ಣೆಯಲ್ಲಿ ಪಾಮಿಟಿಕ್ ಮತ್ತು ಒಲಿಯಿಕ್ ಹೆಚ್ಚುಕಡಿಮೆ ಸಮನಾಗಿ ಇರುತ್ತವೆ. ಆದ್ದರಿಂದ ಅದರ ಟೈಟರ್ ನಲವತ್ತರ ಮೇಲೆ, ನಿಮ್ಮ ಸರ್ಟಿಫಿಕೇಟ್‌ನ 45ರ ಆಸುಪಾಸಿನಲ್ಲಿ ಬರುತ್ತದೆ. ಅಂದರೆ ನಿಮಗೆ ಸಿಕ್ಕಿರುವುದು ಪಾಮ್‌ಗೆ ಒಪ್ಪುವ ಅಂಕಿಯೇ. ಹಿಂದೆ ಪ್ರಾಣಿ ಕೊಬ್ಬಿನ ವ್ಯಾಪಾರದಲ್ಲಿ 40 ಡಿಗ್ರಿಯನ್ನು ಗಡಿ ಮಾಡಿಕೊಂಡಿದ್ದರು. ಟೈಟರ್ ಅದಕ್ಕಿಂತ ಮೇಲಿದ್ದರೆ ಟ್ಯಾಲೋ, ಕೆಳಗಿದ್ದರೆ ಗ್ರೀಸ್. ಬೆಲೆಯೂ ಅದರ ಮೇಲೆಯೇ.

ಒಂದು ವಿಚಿತ್ರವನ್ನು ನೆನಪಿಡಿ. ಸ್ಟಿಯರಿಕ್ ಮತ್ತು ಪಾಮಿಟಿಕ್ ಎರಡನ್ನೂ ಹೆಚ್ಚುಕಡಿಮೆ ಸಮನಾಗಿ ಬೆರೆಸಿದರೆ ಟೈಟರ್ ಎರಡರ ನಡುವೆ ಬರುವುದಿಲ್ಲ, ಎರಡಕ್ಕಿಂತಲೂ ಕೆಳಗೆ ಇಳಿಯುತ್ತದೆ. ಅಂಗಡಿಯಲ್ಲಿ ‘ಸ್ಟಿಯರಿಕ್ ಆಸಿಡ್’ ಎಂದು ಸಿಗುವ ಬಿಳಿ ಚಕ್ಕೆಗಳು ಎಷ್ಟೋ ಸಲ ಈ ಎರಡರ ಮಿಶ್ರಣವೇ. ಅದಕ್ಕೇ ಅದರ ಟೈಟರ್ 54, 55 ಡಿಗ್ರಿ ಎಂದಿರುತ್ತದೆ. ಅದನ್ನು ನೋಡಿ ಕಲಬೆರಕೆ ಎಂದು ಡೀಲರ್ ಜೊತೆ ಜಗಳಕ್ಕೆ ಹೋಗಬೇಡಿ.

ಟೈಟರ್ ಒಂದನ್ನೇ ನಂಬಿದರೆ ಎಲ್ಲಿ ದಾರಿ ತಪ್ಪುತ್ತದೆ ಎನ್ನುವುದಕ್ಕೆ ಕೊಬ್ಬರಿ ಎಣ್ಣೆಯೇ ಸಾಕ್ಷಿ. ಅದರ ಟೈಟರ್ 20ರಿಂದ 24 ಡಿಗ್ರಿ, ತುಂಬಾ ಕಡಿಮೆ. ಹಾಗಾದರೆ ಅದರ ಸೋಪು ಮೆತ್ತಗಿರಬೇಕಲ್ಲವೇ? ಇಲ್ಲ. ಕೊಬ್ಬರಿ ಎಣ್ಣೆಯ ಸೋಪು ಕಲ್ಲಿನಂತೆ ಗಟ್ಟಿ, ಕತ್ತರಿಸುವುದು ತಡವಾದರೆ ಪುಡಿಪುಡಿಯಾಗುತ್ತದೆ. ಇದರಲ್ಲಿ ಮುಖ್ಯವಾಗಿ ಇರುವುದು ಲಾರಿಕ್ ಆಸಿಡ್, ಅದರ ಸರಪಳಿ ಚಿಕ್ಕದು. ಟೈಟರ್ ಕಡಿಮೆಯಾಗುವುದು ಈ ಚಿಕ್ಕ ಸರಪಳಿಯಿಂದ, ಒಲಿಯಿಕ್‌ನಿಂದ ಅಲ್ಲ. ಅದರ ಸೋಡಿಯಂ ಸೋಪು ಗಟ್ಟಿಯಾಗಿಯೂ ಇರುತ್ತದೆ, ನೀರಿನಲ್ಲಿ ಬೇಗ ಕರಗಿ ನೊರೆಯನ್ನೂ ಕೊಡುತ್ತದೆ. ಟಾಯ್ಲೆಟ್ ಸೋಪಿನವರು ನೂರಕ್ಕೆ ಎಂಬತ್ತು ಭಾಗ ಟ್ಯಾಲೋ ಅಥವಾ ಪಾಮ್ ಹಾಕಿ, ಉಳಿದ ಇಪ್ಪತ್ತು ಕೊಬ್ಬರಿ ಅಥವಾ ಪಾಮ್ ಕರ್ನಲ್ ಎಣ್ಣೆ ಸೇರಿಸುವ ಹಳೆಯ ಲೆಕ್ಕ ಇದಕ್ಕೇ. ಹೆಚ್ಚು ಟೈಟರ್‌ನದು ಸೋಪು ಬಾಳಿಕೆ ಬರುವಂತೆ ಮಾಡುತ್ತದೆ, ಕಡಿಮೆ ಟೈಟರ್‌ನದು ನೊರೆ ಕೊಡುತ್ತದೆ. ಸೋಪಿನ ಕವರ್ ಮೇಲೆ ನೀವು ಕಾಣುವ ಟಿಎಫ್‌ಎಂ ಬೇರೆ ವಿಷಯ. ಸೋಪಿನಲ್ಲಿ ಒಟ್ಟು ಫ್ಯಾಟಿ ಅಂಶ ನೂರಕ್ಕೆ ಎಷ್ಟಿದೆ ಎಂದು ಅದು ಹೇಳುತ್ತದೆ. ಆ ಅಂಶ ಎಂಥದ್ದು ಎಂದು ಹೇಳುವುದಿಲ್ಲ.

ಉಷ್ಣತೆಗೆ ಟೈಟರ್ ಎಂಬ ಹೆಸರು ಹೇಗೆ ಬಂತು ಎಂದು ಮಗಳು ಖಂಡಿತ ಕೇಳುತ್ತಾಳೆ. ಇದು ಫ್ರೆಂಚರ ಮಾತು. ಅವರು ಚಿನ್ನ, ಬೆಳ್ಳಿ ಎಷ್ಟು ಚೊಕ್ಕ ಎಂಬುದಕ್ಕೆ ಈ ಮಾತು ಬಳಸುತ್ತಿದ್ದರು. ನಮ್ಮ ನಗರ್ತಪೇಟೆಯ ಚಿನ್ನದ ವ್ಯಾಪಾರಿಗಳು ‘ಟಂಚ್ ಎಷ್ಟು?’ ಎಂದು ಕೇಳುತ್ತಾರಲ್ಲ, ಅದೇ ಅರ್ಥ. 1832ರಲ್ಲಿ ಗೇ-ಲುಸ್ಸಾಕ್ ಎಂಬ ಫ್ರೆಂಚ್ ವಿಜ್ಞಾನಿ ಬೆಳ್ಳಿಯ ಟಂಚ್ ನೋಡಲು ಒಂದು ವಿಧಾನ ಪ್ರಕಟಿಸಿದರು. ಬೆಳ್ಳಿಯನ್ನು ನೈಟ್ರಿಕ್ ಆಸಿಡ್‌ನಲ್ಲಿ ಕರಗಿಸಿ, ಅಳತೆ ಗೊತ್ತಿರುವ ಉಪ್ಪುನೀರು ಸುರಿಯುತ್ತಾ ಹೋಗುವುದು. ಬಿಳಿ ಗಸಿ ಬರುವುದು ನಿಂತಾಗ ಎಷ್ಟು ಉಪ್ಪುನೀರು ಖರ್ಚಾಗಿದೆ ಎಂದು ನೋಡುವುದು. ಮಗಳ ಬ್ಯುರೆಟ್ ಪ್ರಾಕ್ಟಿಕಲ್‌ನ ಹಿರಿಯಜ್ಜ ಇದು. ಅದೇ ಗೇ-ಲುಸ್ಸಾಕ್ 1825ರಲ್ಲಿ ಷೆವ್ರಲ್ ಎಂಬ ಇನ್ನೊಬ್ಬ ಫ್ರೆಂಚ್ ವಿಜ್ಞಾನಿಯ ಜೊತೆ ಸೇರಿ ಫ್ಯಾಟಿ ಆಸಿಡ್‌ನಿಂದ ಮೇಣದಬತ್ತಿ ಮಾಡುವುದಕ್ಕೆ ಪೇಟೆಂಟ್ ಪಡೆದಿದ್ದರು. ಮೇಣದಬತ್ತಿಯವರಿಗೆ ಕೊಬ್ಬಿನಲ್ಲಿ ಗಟ್ಟಿ ಅಂಶ ಎಷ್ಟಿದೆ ಎಂಬುದೇ ಮುಖ್ಯ. ಅವರ ಪಾಲಿಗೆ ಅದೇ ಕೊಬ್ಬಿನ ಟಂಚ್. ಗಟ್ಟಿಯಾಗುವ ಉಷ್ಣತೆ ನೋಡಿ, ಕೋಷ್ಟಕದಲ್ಲಿ ಹುಡುಕಿ, ನೂರಕ್ಕೆ ಇಷ್ಟು ಸ್ಟಿಯರಿಕ್ ಎಂದು ಲೆಕ್ಕ ಹಾಕುತ್ತಿದ್ದರು. ಹೀಗೆ ಡಿಗ್ರಿಗೂ ಟೈಟರ್ ಹೆಸರು ಸೇರಿತು.

ಇನ್ನು ಉಳಿದ ಟೈಟರ್‌ಗಳು. ಕಾಲೇಜಿನಲ್ಲಿ ಟೈಟರ್ ಅಂದರೆ ಬ್ಯುರೆಟ್‌ನಿಂದ ಇಳಿದ ದ್ರಾವಣದ ಎಂಎಲ್. ಮಗಳು ರೆಕಾರ್ಡ್‌ನಲ್ಲಿ ಹಾಗೇ ಬರೆಯಲಿ.

ಆದರೆ ಓದು ಮುಗಿಸಿ ಜಿಗಣಿಯಲ್ಲೋ ಬೊಮ್ಮಸಂದ್ರದಲ್ಲೋ ಔಷಧಿ ಕಂಪನಿಯ ಲ್ಯಾಬ್‌ಗೆ ಸೇರಿದರೆ ಅಲ್ಲಿ ಇನ್ನೊಂದು ಟೈಟರ್ ಎದುರಾಗುತ್ತದೆ. ಆಟೋ ಟೈಟ್ರೇಟರ್ ಪರದೆಯ ಮೇಲೆ ‘ಟೈಟರ್ 0.992’ ಎಂದಷ್ಟೇ ಇರುತ್ತದೆ, ಯೂನಿಟ್ ಇರುವುದಿಲ್ಲ. ಅದು ತಿದ್ದುಪಡಿಯ ಲೆಕ್ಕ. ಬಾಟಲಿ ಮೇಲೆ 0.1 ಎಂದು ಬರೆದಿದ್ದರೂ ನಿಜವಾದ ಸಾಂದ್ರತೆ 0.0992 ಎಂದರ್ಥ. ಕಾಸ್ಟಿಕ್ ಸೋಡಾ ದ್ರಾವಣ ಗಾಳಿಯಿಂದ ಕಾರ್ಬನ್ ಡೈಆಕ್ಸೈಡ್ ಹೀರುವುದರಿಂದ ಈ ಅಂಕಿಯನ್ನು ಆಗಾಗ ಹೊಸದಾಗಿ ಕಂಡುಕೊಳ್ಳಬೇಕು. ಪಕ್ಕದ ಟೇಬಲ್‌ನಲ್ಲೇ ನೀರಿನಂಶ ಅಳೆಯುವ ಕಾರ್ಲ್ ಫಿಶರ್ ಯಂತ್ರ ಇರುತ್ತದೆ. ಅಲ್ಲಿ ಟೈಟರ್ ಅಂದರೆ ಒಂದು ಎಂಎಲ್ ರೀಏಜೆಂಟ್ ಎಷ್ಟು ಮಿಲಿಗ್ರಾಂ ನೀರಿಗೆ ಸಮ ಎಂದು. ಸಾಮಾನ್ಯವಾಗಿ ಸುಮಾರು 5 ಇರುವ ರೀಏಜೆಂಟ್ ಬಳಸುತ್ತಾರೆ. ಮಳೆಗಾಲದಲ್ಲಿ ತೇವ ಒಳಗೆ ಸೇರಿದರೆ ಇದು ಇಳಿಯುತ್ತದೆ. ಅದಕ್ಕೇ ನೀರಿನಂಶ ಶೇ 15.66 ಎಂದು ಖಚಿತವಾಗಿ ಗೊತ್ತಿರುವ ಸೋಡಿಯಂ ಟಾರ್ಟ್ರೇಟ್ ಹಾಕಿ ಸರಿ ನೋಡುತ್ತಾರೆ. ಬ್ಯುರೆಟ್‌ನ ಎಂಎಲ್ ಕೂಡ ಸೇರಿಸಿದರೆ ಒಂದೇ ಕೋಣೆಯಲ್ಲಿ ಮೂರು ಟೈಟರ್! ಹೊಸಬರಿಗೆ ಗೊಂದಲ ಆಗುವುದು ಸಹಜ. ಅವರಿಗೆ ಇದನ್ನು ಮೊದಲ ದಿನವೇ ಕೂರಿಸಿ ಹೇಳಿಕೊಡಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ನೀವು ನೆಟ್‌ನಲ್ಲಿ ಕಂಡದ್ದು ವಿಡಾಲ್ ಟೆಸ್ಟ್‌ನ ಟೈಟರ್. ರಕ್ತದ ಸೀರಂ ಅನ್ನು 1:20, 1:40, 1:80, 1:160 ಹೀಗೆ ದುಪ್ಪಟ್ಟು ತೆಳು ಮಾಡುತ್ತಾ ಹೋಗುತ್ತಾರೆ. ಯಾವ ಕೊನೆಯ ಹಂತದವರೆಗೂ ಅದಕ್ಕೆ ಬೆರೆಸಿದ ಟೈಫಾಯ್ಡ್ ರೋಗಾಣುಗಳು ಗಂಟುಕಟ್ಟುವುದು ಕಣ್ಣಿಗೆ ಕಾಣುತ್ತದೋ ಅದೇ ಟೈಟರ್. ಅಷ್ಟು ತೆಳುವಾದರೂ ಕೆಲಸ ಮಾಡುತ್ತಿದೆ ಅಂದರೆ ಪ್ರತಿಕಾಯ ಅಷ್ಟು ಜಾಸ್ತಿ ಇದೆ ಎಂದರ್ಥ. ಹಾಗಾಗಿ 1:160 ಎನ್ನುವುದು 1:80ಕ್ಕಿಂತ ದೊಡ್ಡದು. ಟೈಫಾಯ್ಡ್ ಸಾಮಾನ್ಯವಾಗಿರುವ ನಮ್ಮಂಥ ಕಡೆ ಆರೋಗ್ಯವಾಗಿ ಇರುವವರಲ್ಲೂ 1:80 ಕಾಣಬಹುದು. ದಯವಿಟ್ಟು ಈ ಒಂದು ಅಂಕಿ ನೋಡಿ ಮನೆಯಲ್ಲೇ ತೀರ್ಮಾನ ಮಾಡಬೇಡಿ, ಡಾಕ್ಟರ್ ನೋಡಲಿ. ಅದೇ ಲ್ಯಾಬ್ ಕೊಡುವ ಎಎಸ್‌ಒ (ಸ್ಟ್ರೆಪ್ಟೋಕಾಕಸ್ ಸೋಂಕಿನ ಪ್ರತಿಕಾಯದ ಪರೀಕ್ಷೆ) ಟೈಟರ್ ಎಷ್ಟೋ ಕಡೆ ಅನುಪಾತದಲ್ಲಿ ಬರುವುದೇ ಇಲ್ಲ, ಒಂದು ಎಂಎಲ್‌ಗೆ ಇಷ್ಟು ಯೂನಿಟ್ ಎಂದು ಬರುತ್ತದೆ.

ಬಯೋಟೆಕ್ ಕಂಪನಿಯವರು ಟೈಟರ್ ಅಂದರೆ ಜೀವಕೋಶಗಳು ಬೆಳೆಯುವ ಟ್ಯಾಂಕಿನಲ್ಲಿ ಒಂದು ಲೀಟರ್‌ಗೆ ಎಷ್ಟು ಗ್ರಾಂ ಪ್ರೋಟೀನ್ ತಯಾರಾಯಿತು ಎಂದು ಹೇಳುತ್ತಾರೆ.

ಕೊನೆಯದು ನಮ್ಮ ಊರಿಗೆ ಹತ್ತಿರದ್ದು: ರೇಷ್ಮೆ. ಫ್ರೆಂಚರು ನೂಲಿನ ದಪ್ಪಕ್ಕೂ ಟೈಟರ್ ಎನ್ನುತ್ತಾರೆ. ಕೃತಕ ನೂಲಿನ ಡೇಟಾಶೀಟ್‌ಗಳಲ್ಲಿ ಈಗಲೂ ಈ ಹೆಸರು ಇರುತ್ತದೆ. ರಾಮನಗರ, ಶಿಡ್ಲಘಟ್ಟದ ರೀಲರ್‌ಗಳು ಇದನ್ನೇ ಡೀನಿಯರ್ ಎನ್ನುತ್ತಾರೆ. 9,000 ಮೀಟರ್ ನೂಲಿನ ತೂಕ ಗ್ರಾಂಗಳಲ್ಲಿ ಎಷ್ಟು ಎಂಬುದೇ ಡೀನಿಯರ್. ‘20/22’ ರೇಷ್ಮೆ ಅಂದರೆ ಆ ಉದ್ದಕ್ಕೆ 20ರಿಂದ 22 ಗ್ರಾಂ. ಅಷ್ಟು ಉದ್ದ ಸುತ್ತಿ ತೂಗುವುದು ಕಷ್ಟವಾದ್ದರಿಂದ 450 ಮೀಟರ್ ಲಡಿ ತೂಗಿ ಲೆಕ್ಕ ಹಾಕುತ್ತಾರೆ.

ಈಗ ನಿಮ್ಮ ಡ್ರಮ್ಮಿಗೆ ಬರೋಣ. ಪ್ರತಿ ಲಾಟ್‌ನ ಟೈಟರ್ ಅನ್ನು ಒಂದು ಪುಸ್ತಕದಲ್ಲಿ ಬರೆದಿಡಿ. ಜೊತೆಗೆ ಐಯೋಡಿನ್ ವ್ಯಾಲ್ಯೂ (ಒಲಿಯಿಕ್‌ನಂಥ ಭಾಗ ಎಷ್ಟಿದೆ ಎಂದು ತೋರಿಸುವ ಅಂಕಿ) ಮತ್ತು ಆಸಿಡ್ ವ್ಯಾಲ್ಯೂ ಕೂಡ. ಕಾಸ್ಟಿಕ್ ಎಷ್ಟು ಹಾಕಬೇಕು ಎಂದು ಆಸಿಡ್ ವ್ಯಾಲ್ಯೂ ಹೇಳುತ್ತದೆ, ಟೈಟರ್ ಅದನ್ನು ಹೇಳುವುದಿಲ್ಲ. ಟೈಟರ್ 45ರಿಂದ 41ಕ್ಕೆ ಇಳಿದು ಐಯೋಡಿನ್ ವ್ಯಾಲ್ಯೂ ಏರಿದ್ದರೆ ಒಲಿಯಿಕ್‌ನಂಥ ಮೆತ್ತನೆಯ ಭಾಗ ಜಾಸ್ತಿಯಾಗಿದೆ ಎಂದರ್ಥ. ಸೋಪು ಅಚ್ಚಿನಿಂದ ಬಿಡಲು ತಡವಾಗುತ್ತದೆ, ಇಟ್ಟಲ್ಲಿ ಬೇಗ ಮುಗ್ಗಲು ವಾಸನೆಯೂ ಬರಬಹುದು. ಟೈಟರ್ ಇಳಿದರೂ ಐಯೋಡಿನ್ ವ್ಯಾಲ್ಯೂ ಏರದೆ, ಆಸಿಡ್ ವ್ಯಾಲ್ಯೂ ಮಾತ್ರ ಏರಿದ್ದರೆ ಕರ್ನಲ್ ಅಥವಾ ಕೊಬ್ಬರಿಯ ಆಸಿಡ್ ಬೆರೆತಿರಬಹುದು. ಆಗ ನಿಮ್ಮ ಹಳೆಯ ಕಾಸ್ಟಿಕ್ ಲೆಕ್ಕ ಸಾಲುವುದಿಲ್ಲ. ಎರಡರಲ್ಲಿ ಯಾವುದೇ ಆದರೂ ಡ್ರಮ್ಮಿನ ಸೀಲ್ ಒಡೆಯುವ ಮೊದಲೇ ಡೀಲರ್‌ಗೆ ಫೋನ್ ಮಾಡಿ ಕೇಳಿ.