ವಿಮರ್ಶೆ ಬರೆಯುತ್ತಿದ್ದವರು ಹೆದರಿಸಲು ಹೊರಟಾಗ

ಪ್ರಶ್ನೆ: ‘ಫ್ರೈಟ್‌ಮೇರ್’ ಎಂಬ 1974ರ ಬ್ರಿಟಿಷ್ ಸಿನಿಮಾ ಮೊನ್ನೆ ನೋಡಿದೆ. ದೆವ್ವ ಇಲ್ಲ, ಪಿಶಾಚಿ ಇಲ್ಲ. ಇರುವುದು ಒಬ್ಬ ವಯಸ್ಸಾದ ಹೆಂಗಸು. ಆದರೂ ಆ ರಾತ್ರಿ ನಿದ್ದೆ ಹತ್ತಲಿಲ್ಲ. ಚಿತ್ರಕಥೆ ಬರೆದ ಡೇವಿಡ್ ಮೆಕ್‌ಗಿಲಿವ್ರೇ ಮೊದಲು ಸಿನಿಮಾ ವಿಮರ್ಶಕರಾಗಿದ್ದರಂತೆ, ಹೌದಾ? ಅಂಥವರು ಕಡಿಮೆ ದುಡ್ಡಿನ ಹಾರರ್ ಸಿನಿಮಾಕ್ಕೆ ಯಾಕೆ ಬಂದರು? (ಶಿವಮೊಗ್ಗದ ಓದುಗರೊಬ್ಬರು)

ಉತ್ತರ: ಹೌದು. 1947ರಲ್ಲಿ ಹುಟ್ಟಿದ ಮೆಕ್‌ಗಿಲಿವ್ರೇ ‘ಮಂತ್ಲಿ ಫಿಲ್ಮ್ ಬುಲೆಟಿನ್’ ಪತ್ರಿಕೆಗೆ ವಿಮರ್ಶೆ ಬರೆಯುತ್ತಿದ್ದರು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ 1934ರಿಂದ 1991ರವರೆಗೆ ತಂದ ಪತ್ರಿಕೆ ಅದು. ಅದಕ್ಕೊಂದು ಪದ್ಧತಿ ಇತ್ತು. ಬ್ರಿಟನ್ನಿನಲ್ಲಿ ಬಿಡುಗಡೆಯಾಗುವ ಸಿನಿಮಾ ದೊಡ್ಡದಿರಲಿ, ಸಣ್ಣದಿರಲಿ, ಎಲ್ಲದರ ಬಗ್ಗೆಯೂ ಬರೆಯಬೇಕು. ಮೊದಲು ಕೆಲಸ ಮಾಡಿದವರ ಹೆಸರುಗಳು, ಆಮೇಲೆ ಪೂರ್ತಿ ಕಥೆಯ ಸಾರಾಂಶ, ಕೊನೆಗೆ ವಿಮರ್ಶೆ. ದಿನಪತ್ರಿಕೆಗಳು ತಿರುಗಿಯೂ ನೋಡದ ಸಿನಿಮಾಗಳನ್ನು ಅಲ್ಲಿನವರು ಕೂತು ನೋಡಬೇಕಿತ್ತು. ಚಿತ್ರಕಥೆ ಕಲಿಯಲು ಇದಕ್ಕಿಂತ ಒಳ್ಳೆಯ ಶಾಲೆ ನನಗೆ ಕಾಣುವುದಿಲ್ಲ. ಒಂದೂವರೆ ಗಂಟೆಯ ಕಥೆಯನ್ನು ಒಂದು ಪ್ಯಾರಾಕ್ಕೆ ಇಳಿಸಿ ನೋಡಿ. ಎಲ್ಲಿ ಕಥೆ ಇದೆ, ಎಲ್ಲಿ ಸುಮ್ನೆ ಹೊತ್ತು ಕಳೆದಿದ್ದಾರೆ ಎಂಬುದು ತಾನಾಗಿ ಗೊತ್ತಾಗುತ್ತದೆ.

ಅವರಿಗೆ ಹಾರರ್ ಬಾಗಿಲು ತೆರೆದವರು ಪೀಟ್ ವಾಕರ್. ನಿರ್ದೇಶಕ, ನಿರ್ಮಾಪಕ ಎರಡೂ ಅವರೇ. ಕಥೆಯ ಎಳೆ ವಾಕರ್ ಕೊಡುತ್ತಿದ್ದರು, ಮೆಕ್‌ಗಿಲಿವ್ರೇ ಅದಕ್ಕೆ ಮೈಕಟ್ಟು ಕೊಡುತ್ತಿದ್ದರು. ಹೀಗೆ ನಾಲ್ಕು ಸಿನಿಮಾ ಬಂದವು: 1974ರಲ್ಲಿ ‘ಹೌಸ್ ಆಫ್ ವಿಪ್‌ಕಾರ್ಡ್’ ಮತ್ತು ನೀವು ನೋಡಿದ ‘ಫ್ರೈಟ್‌ಮೇರ್’, 1976ರಲ್ಲಿ ‘ಹೌಸ್ ಆಫ್ ಮಾರ್ಟಲ್ ಸಿನ್’ ಮತ್ತು ‘ಸ್ಕಿಟ್ಜೋ’.

ನಿಮಗೆ ನಿದ್ದೆ ಬಾರದಂತೆ ಮಾಡಿದ್ದು ಏನು ಗೊತ್ತೇ? ಆಗಿನ ಬ್ರಿಟಿಷ್ ಹಾರರ್ ಎಂದರೆ ಹ್ಯಾಮರ್ ಕಂಪನಿಯ ಕೋಟೆ, ಮಂಜು, ರಕ್ತ ಹೀರುವ ಜಮೀನ್ದಾರ. ಎಲ್ಲವೂ ನೂರು ವರ್ಷ ಹಿಂದಿನದು. ಮನೆಗೆ ಬಂದು ಬಾಗಿಲು ಹಾಕಿಕೊಂಡರೆ ಭಯ ಹೊರಗೇ ಉಳಿಯುತ್ತಿತ್ತು. ಮೆಕ್‌ಗಿಲಿವ್ರೇ ಮತ್ತು ವಾಕರ್ ಭಯವನ್ನು ಮನೆಯ ಒಳಗೇ ತಂದು ಕೂರಿಸಿದರು. ಅವರ ಸಿನಿಮಾಗಳಲ್ಲಿ ಕೊಲ್ಲುವವರು ಯಾರೆಂದು ಗಮನಿಸಿ. ನಾವು ಎದ್ದು ನಿಂತು ಗೌರವ ಕೊಡುವ ಹಿರಿಯರು.

‘ಹೌಸ್ ಆಫ್ ವಿಪ್‌ಕಾರ್ಡ್’ನಲ್ಲಿ ಕಣ್ಣು ಕಾಣದ ನಿವೃತ್ತ ನ್ಯಾಯಾಧೀಶರೊಬ್ಬರಿದ್ದಾರೆ. ನ್ಯಾಯಾಲಯ ಸಣ್ಣ ದಂಡ ಹಾಕಿ ಬಿಟ್ಟ ಹುಡುಗಿಯರನ್ನು ತಮ್ಮದೇ ಖಾಸಗಿ ಜೈಲಿಗೆ ಮೋಸದಿಂದ ಕರೆಸಿ ಮತ್ತೆ ಶಿಕ್ಷೆ ಕೊಡುತ್ತಾರೆ. ಬ್ರಿಟನ್ನಿನಲ್ಲಿ ಕೊಲೆಗೆ ಗಲ್ಲು ಶಿಕ್ಷೆಯನ್ನು 1965ರಲ್ಲಿ ತಡೆಹಿಡಿದು, 1969ರಲ್ಲಿ ಶಾಶ್ವತವಾಗಿ ತೆಗೆದುಹಾಕಿದ್ದರು. ಅದು ಮರಳಿ ಬರಲಿ ಎಂದು ಬಯಸುವವರು ಆಗ ಬಹಳ ಜನ ಇದ್ದರು. ಈ ಸಿನಿಮಾ ಶುರುವಾಗುವುದೇ ಅಂಥವರಿಗೆ ಅರ್ಪಣೆಯ ಮಾತಿನಿಂದ! ಆ ಎರಡು ಸಾಲು ಓದಿದ ಮೇಲೆ ಬರುವ ಒಂದೊಂದು ದೃಶ್ಯವೂ ಚುಚ್ಚುತ್ತದೆ.

‘ಹೌಸ್ ಆಫ್ ಮಾರ್ಟಲ್ ಸಿನ್’ನಲ್ಲಿ ಪಾದ್ರಿಯೇ ಕೊಲೆಗಾರ. ಹುಡುಗಿಯೊಬ್ಬಳ ಪಾಪನಿವೇದನೆಯನ್ನು ಟೇಪ್ ಮಾಡಿಟ್ಟುಕೊಂಡು ಬೆದರಿಸುತ್ತಾನೆ. ಅವನ ಕೈಯಲ್ಲಿ ಜಪಮಾಲೆ, ಧೂಪದ ಪಾತ್ರೆ ಕೂಡ ಆಯುಧ.

ಇನ್ನು ‘ಫ್ರೈಟ್‌ಮೇರ್’. ನರಮಾಂಸ ತಿಂದ ಡೊರೊಥಿಯನ್ನು 1957ರಲ್ಲಿ ಹುಚ್ಚಾಸ್ಪತ್ರೆಗೆ ಕಳಿಸುತ್ತಾರೆ. ವರ್ಷಗಳ ನಂತರ, ಗುಣವಾಗಿದೆ ಎಂದು ಬಿಡುತ್ತಾರೆ. ಹಳ್ಳಿಮನೆಯಲ್ಲಿ ಕೂತು, ಒಂಟಿ ಜನರಿಗೆ ಟ್ಯಾರೋ ಕಾರ್ಡಿನಲ್ಲಿ ಭವಿಷ್ಯ ಹೇಳುತ್ತಾಳೆ. ಆ ಪಾತ್ರದ ಷೀಲಾ ಕೀತ್ ಅವರನ್ನು ಮರೆಯಲಾದೀತೇ? ನನ್ನನ್ನು ಜಾಸ್ತಿ ಕಾಡುವುದು ಮಾತ್ರ ಗಂಡ ಎಡ್ಮಂಡ್. ಹೆಂಡತಿಯ ಜೊತೆ ಇರಬೇಕೆಂದು ಹುಚ್ಚನಂತೆ ನಟಿಸಿ ತಾನೂ ಒಳಗೆ ಹೋದವನು. ತುಂಬಾ ಒಳ್ಳೆಯ ಗಂಡ, ಅಲ್ವಾ? ಆ ಒಳ್ಳೆಯತನವೇ ಮುಂದಿನ ಸಾವುಗಳಿಗೆ ದಾರಿ ಮಾಡುತ್ತದೆ. ಇದಕ್ಕೆ ದೊಡ್ಡ ಸೆಟ್ ಬೇಕಿಲ್ಲ. ಒಂದು ಮನೆ, ಒಂದು ಮೇಜು, ಸುಳ್ಳು ಹೇಳಿಕೊಂಡು ಬದುಕುವ ಒಂದು ಸಂಸಾರ ಸಾಕು. ದುಡ್ಡಿಲ್ಲದ ಕಡೆ ಬರಹಗಾರ ಏನು ಮಾಡಬಹುದು ಎಂದು ಯಾರಾದರೂ ಕೇಳಿದರೆ ನಾನು ತೋರಿಸುವುದು ಎಡ್ಮಂಡನನ್ನೇ.

ಪ್ರಶ್ನೆ: ಇಂಥ ಸಿನಿಮಾಗಳಿಗೆ ದುಡ್ಡು ಹಾಕುತ್ತಿದ್ದವರು ಯಾರು? ಆಮೇಲೆ ಯಾಕೆ ನಿಂತುಹೋದವು? (ಬೆಳಗಾವಿಯಿಂದ)

ಉತ್ತರ: ವಾಕರ್ ತಮ್ಮದೇ ದುಡ್ಡು ಹಾಕುತ್ತಿದ್ದರು. ಅದಕ್ಕೇ ಅವರಿಗೆ ಯಾರ ಅಪ್ಪಣೆಯೂ ಬೇಕಿರಲಿಲ್ಲ. ಇದಲ್ಲದೆ ಬ್ರಿಟನ್ನಿನಲ್ಲಿ ಈಡಿ ಲೆವಿ ಎಂಬ ವ್ಯವಸ್ಥೆ ಇತ್ತು. 1950ರಲ್ಲಿ ಶುರುವಾಗಿ 1957ರಲ್ಲಿ ಕಾಯ್ದೆಯಾಯಿತು. ಟಿಕೆಟ್ ದುಡ್ಡಿನಲ್ಲಿ ಒಂದು ಪಾಲನ್ನು ಒಟ್ಟು ಮಾಡಿ, ಬ್ರಿಟಿಷ್ ಸಿನಿಮಾಗಳಿಗೆ ಅವುಗಳ ಗಳಿಕೆ ನೋಡಿ ಹಂಚುತ್ತಿದ್ದರು. ಕಡಿಮೆ ಖರ್ಚಿನ ಸಿನಿಮಾ ಓಡಿಬಿಟ್ಟರೆ ಎರಡು ಕಡೆಯಿಂದ ಆದಾಯ. ಜೊತೆಗೆ 1970ರಿಂದ ‘ಎಕ್ಸ್’ ಸರ್ಟಿಫಿಕೇಟ್ ಎಂದರೆ 18 ವರ್ಷ ದಾಟಿದವರಿಗೆ ಮಾತ್ರ ಎಂದಾಯಿತು. ಟಿವಿಯಲ್ಲಿ ಸಿಗದ್ದನ್ನು ಥಿಯೇಟರಿನಲ್ಲಿ ತೋರಿಸಲು ಜಾಗ ಸಿಕ್ಕಿತು.

ನಿಂತದ್ದು ಜನ ಥಿಯೇಟರಿಗೆ ಬರುವುದು ಬಿಟ್ಟಾಗ. 1946ರಲ್ಲಿ ಅಲ್ಲಿ ಸುಮಾರು 163 ಕೋಟಿ ಟಿಕೆಟ್ ಮಾರಾಟವಾಗಿತ್ತು. 1984ಕ್ಕೆ ಅದು ಬರೀ 5.4 ಕೋಟಿ. ಮರುವರ್ಷ ಈಡಿ ಲೆವಿಯೂ ಹೋಯಿತು. ವಾಕರ್ 1983ರ ಸಿನಿಮಾವೇ ಕೊನೆಯದೆಂದು ನಿರ್ದೇಶನ ಬಿಟ್ಟರು.

ಪ್ರಶ್ನೆ: ವಾಕರ್ ಬಿಟ್ಟರೆ ಮೆಕ್‌ಗಿಲಿವ್ರೇ ಬೇರೆಯವರಿಗೆ ಬರೆಯಲಿಲ್ಲವೇ? ಆಮೇಲೆ ಏನು ಮಾಡಿದರು? (ಮೈಸೂರಿನಿಂದ)

ಉತ್ತರ: ಬರೆದರು. ನಿರ್ದೇಶಕ ನಾರ್ಮನ್ ಜೆ. ವಾರೆನ್ ಅವರಿಗೆ 1976ರಲ್ಲಿ ‘ಸೇಟನ್ಸ್ ಸ್ಲೇವ್’, 1978ರಲ್ಲಿ ‘ಟೆರರ್’. ಮೊದಲನೆಯದರಲ್ಲಿ ಮೈಕೆಲ್ ಗಾಫ್ ಇದ್ದಾರೆ. ಅದರಲ್ಲಿ ಹೆಂಗಸರ ಮೇಲಿನ ಹಿಂಸೆ ಅತಿಯಾಯಿತು, ಕಥೆಗೆ ಅದು ಬೇಕಿರಲಿಲ್ಲ ಎಂಬುದು ನನ್ನ ಅಭಿಪ್ರಾಯ. ‘ಟೆರರ್’ ಇಟಲಿಯ ‘ಸುಸ್ಪಿರಿಯಾ’ ನೋಡಿದ ಹುಮ್ಮಸ್ಸಿನಲ್ಲಿ ಹುಟ್ಟಿದ್ದು. ಕಥೆಯ ತರ್ಕ ಕೇಳಬೇಡಿ. ಒಳಗೆ ಸಣ್ಣ ಸಿನಿಮಾ ಕಂಪನಿಯೊಂದರ ಶೂಟಿಂಗ್ ದೃಶ್ಯಗಳಿವೆ. ಆ ಜಗತ್ತನ್ನು ಹತ್ತಿರದಿಂದ ಕಂಡವರು ಬರೆದದ್ದು ಎಂದು ಕೂಡಲೇ ತಿಳಿಯುತ್ತದೆ.

ಆಮೇಲೆ ಅವರು ನಾಟಕದ ಕಡೆ ವಾಲಿದರು. ವಾಲ್ಟರ್ ಜರ್ಲಿನ್ ಜೂನಿಯರ್ ಜೊತೆ ‘ಫಾರ್ನ್‌ಡೇಲ್ ಅವೆನ್ಯೂ’ ಸರಣಿಯ ಹಾಸ್ಯ ನಾಟಕಗಳನ್ನು ಬರೆದರು. ಬಡಾವಣೆಯ ಮಹಿಳಾ ಸಂಘದವರು ನಾಟಕ ಆಡಲು ಹೋಗಿ ಎಲ್ಲವೂ ಎಡವಟ್ಟಾಗುವ ಕಥೆಗಳು. ಹವ್ಯಾಸಿ ತಂಡಗಳು ಇವನ್ನು ಬಹಳ ಪ್ರೀತಿಯಿಂದ ಆಡಿವೆ. ನೋಡಿ, ಇಲ್ಲಿಯೂ ಅದೇ ಮರ್ಯಾದಸ್ಥ ಹೆಂಗಸರು, ಅದೇ ಪಟ್ಟು ಬಿಡದ ಹಿರಿಯರು. ಈ ಸಲ ನಮ್ಮನ್ನು ನಗಿಸುತ್ತಾರೆ, ಅಷ್ಟೇ. ಹಾಸ್ಯ ಕಲಾವಿದ ಜೂಲಿಯನ್ ಕ್ಲಾರಿ ಅವರಿಗೂ ಮೆಕ್‌ಗಿಲಿವ್ರೇ ಬಹಳ ಕಾಲ ಬರೆದರು. 1992ರಲ್ಲಿ ‘ಡೂಯಿಂಗ್ ರೂಡ್ ಥಿಂಗ್ಸ್’ ಎಂಬ ಪುಸ್ತಕ ತಂದರು. ಯಾರೂ ದಾಖಲಿಸಲು ಮುಂದೆ ಬಾರದ ಬ್ರಿಟಿಷ್ ವಯಸ್ಕರ ಸಿನಿಮಾಗಳ ಇತಿಹಾಸ ಅದು. ಹೊಸ ಶತಮಾನದಲ್ಲಿ ತಾವೇ ಕಿರುಚಿತ್ರಗಳನ್ನು ಮಾಡಿಸಿ ಹಾರರ್‌ಗೆ ಮರಳಿದರು. ಅವುಗಳನ್ನು ಸೇರಿಸಿ 2016ರಲ್ಲಿ ‘ವರ್ಸ್ಟ್ ಫಿಯರ್ಸ್’ ಬಂತು.

ಇನ್ನೂ ಯಾವುದನ್ನೂ ನೋಡದವರು ‘ಫ್ರೈಟ್‌ಮೇರ್’ನಿಂದಲೇ ಶುರು ಮಾಡಿ. ಮಕ್ಕಳು ಮಲಗಿದ ಮೇಲೆ ಹಾಕಿಕೊಳ್ಳಿ. ಇಷ್ಟವಾದರೆ ಮುಂದೆ ‘ಹೌಸ್ ಆಫ್ ಮಾರ್ಟಲ್ ಸಿನ್’. ‘ಸ್ಕಿಟ್ಜೋ’ ಕೊನೆಗಿರಲಿ.