ಬಹುಮತ ಹೇಳಿದ್ದೇ ಫೈನಲ್ಲಾ?

ಪ್ರಶ್ನೆ: ಸರ್, ಮನೇಲಿ ಇದೇ ವಿಷಯಕ್ಕೆ ನಂಗೂ ಅಣ್ಣಂಗೂ ದಿನಾ ಜಗಳ. ಪ್ರಜಾಪ್ರಭುತ್ವ ಅಂದ್ರೆ ಬಹುಮತ, ಕೋರ್ಟ್ ಬಂದು ಅದನ್ನ ರದ್ದು ಮಾಡೋದು ಜನರಿಗೆ ಮಾಡೋ ಮೋಸ ಅಂತಾನೆ. ಓಟು ಇದ್ಮೇಲೆ ಸ್ವಾತಂತ್ರ್ಯ ತಾನಾಗೇ ಇದ್ದಂಗಾ?

ಉತ್ತರ: ಇಲ್ಲಪ್ಪ. ತೀರ್ಮಾನ ಮಾಡೋರು ಯಾರು ಅನ್ನೋದನ್ನ ಪ್ರಜಾಪ್ರಭುತ್ವ ಹೇಳುತ್ತೆ, ಯಾರೇ ಆಗಲಿ ಎಲ್ಲೀವರೆಗೆ ಕೈ ಹಾಕಬಹುದು ಅನ್ನೋದು ವ್ಯಕ್ತಿ ಸ್ವಾತಂತ್ರ್ಯದ ಮಾತು. ಹಳೇ ಅಥೆನ್ಸ್‌ನಲ್ಲಿ ಜನ ಮಡಕೆ ಚೂರಿನ ಮೇಲೆ ಒಬ್ಬನ ಹೆಸರು ಗೀಚಿ ಹಾಕ್ತಿದ್ರು, ಕನಿಷ್ಠ 6000 ಚೂರು ಬೀಳಬೇಕಿತ್ತು, ಜಾಸ್ತಿ ಚೂರಲ್ಲಿ ಯಾರ ಹೆಸರಿತ್ತೋ ಅವನು 10 ವರ್ಷ ಊರು ಬಿಡಬೇಕು. ಆರೋಪ ಇಲ್ಲ, ವಿಚಾರಣೆ ಇಲ್ಲ (ಆಸ್ತಿ ಮಾತ್ರ ಮುಟ್ಟುತ್ತಿರಲಿಲ್ಲ, ಅಷ್ಟು ಪುಣ್ಯ). ಓಟಿನ ಲೆಕ್ಕದಲ್ಲಿ ಒಂಚೂರೂ ತಪ್ಪಿಲ್ಲ, ಆದ್ರೆ ಹೊರಟವನ ಸ್ವಾತಂತ್ರ್ಯ ಎಲ್ಲೋಯ್ತು?

ಇದೆಲ್ಲ ಹಳೇ ಕಾಲದ್ದು ಅಂತಾನೆ ನಿಮ್ಮಣ್ಣ, ಅದಕ್ಕೆ ಸ್ವಿಟ್ಜರ್ಲೆಂಡ್ ಕಥೆ ಹೇಳಿ. ಅಲ್ಲಿ ದೇಶದ ಮಟ್ಟದಲ್ಲಿ ಹೆಂಗಸರಿಗೆ ಓಟು ಸಿಕ್ಕಿದ್ದೇ 1971ರಲ್ಲಿ. ಅಪೆನ್‌ಜೆಲ್ ಇನ್ನರ್‌ರೋಡನ್ ಅನ್ನೋ ಪುಟ್ಟ ಪ್ರಾಂತ್ಯ ಅದಕ್ಕೂ ಜಗ್ಗಲಿಲ್ಲ. ಅಲ್ಲಿ ವರ್ಷಕ್ಕೊಂದ್ಸಲ ಗಂಡಸರೆಲ್ಲ ಬಯಲಲ್ಲಿ ಸೇರಿ ಕೈ ಎತ್ತಿ ತೀರ್ಮಾನ ಮಾಡೋರು, ಓಟಿನ ಹಕ್ಕಿದೆ ಅನ್ನೋ ಗುರುತಿಗೆ ಸೊಂಟದಲ್ಲಿ ಕತ್ತಿ ಬೇರೆ. 1990ರ ಏಪ್ರಿಲ್‌ನಲ್ಲೂ ನಮ್ಮ ಪ್ರಾಂತ್ಯದಲ್ಲಿ ಹೆಂಗಸರಿಗೆ ಓಟು ಬೇಡ ಅಂತಲೇ ಕೈ ಎತ್ತಿದ್ರು. ಅದೇ ನವೆಂಬರ್‌ನಲ್ಲಿ ಫೆಡರಲ್ ಕೋರ್ಟ್, ಸಂವಿಧಾನದಲ್ಲಿ ಸಮಾನತೆ ಅಂತ ಬರೆದಿರೋವಾಗ ಇದು ನಡೆಯಲ್ಲ ಅಂತ ಹೇಳ್ತು, 1991ರಲ್ಲಿ ಅದೇ ಬಯಲಿಗೆ ಹೆಂಗಸರೂ ಬಂದು ಕೈ ಎತ್ತಿದ್ರು. ಈಗ ಹೇಳಿ, ಕೋರ್ಟು ಮೋಸ ಮಾಡಿದ್ದು ಯಾವ ಜನರಿಗೆ? ಬಹುಮತ ಅಂತ ಎಣಿಸೋಕೆ ಮುಂಚೆ ಯಾರ್ಯಾರನ್ನ ಎಣಿಸಬೇಕು ಅನ್ನೋದು ಇತ್ಯರ್ಥ ಆಗಿರಬೇಕಲ್ವಾ, ಅದನ್ನೂ ಬಹುಮತದ ಕೈಗೇ ಕೊಟ್ರೆ ಒಳಗಿರೋರು ಬಾಗಿಲು ಹಾಕ್ಕೊಂಡು ಕೂತ್ಕೋತಾರೆ. ಮಾತಾಡೋ, ಬರೆಯೋ, ಸಂಘ ಕಟ್ಟೋ ಸ್ವಾತಂತ್ರ್ಯಾನೂ ಹಂಗೇ, ಅದಿಲ್ದೆ ಇವತ್ತು ಸೋತವರು ನಾಳೆ ಗೆಲ್ಲೋದಾದ್ರೂ ಹೆಂಗೆ?

ಹಂಗಂತ ಓಟಿಲ್ಲದೆ ಸ್ವಾತಂತ್ರ್ಯ ಇರಲ್ವಾ ಅಂದ್ರೆ, ಇರುತ್ತೆ. ಬ್ರಿಟಿಷರ ಕಾಲದ ಹಾಂಗ್‌ಕಾಂಗ್‌ನಲ್ಲಿ ಪೇಪರ್‌ಗಳು ತಕ್ಕಮಟ್ಟಿಗೆ ಧೈರ್ಯವಾಗೇ ಬರೀತಿದ್ವು, ವ್ಯಾಪಾರಕ್ಕಂತೂ ಅಡ್ಡಿನೇ ಇರಲಿಲ್ಲ, ಗವರ್ನರ್ ಮಾತ್ರ ಲಂಡನ್ನಿಂದ ನೇಮಕ ಆಗಿ ಬರೋರು. ಬಾಡಿಗೆ ಮನೇಲಿದ್ದಂಗೆ, ಓನರ್ ಮನಸ್ಸು ಬದಲಾಗೋವರೆಗೆ ಆರಾಮ.

ಆದ್ರೆ ನಿಮ್ಮಣ್ಣನ ಮಾತನ್ನ ಪೂರ್ತಿ ತಳ್ಳಿಹಾಕ್ಬೇಡಿ. ಜಡ್ಜ್‌ಗಳೇನು ದೇವರಲ್ಲ. ಅಮೆರಿಕದಲ್ಲಿ ಶಾಲೆ ಮಕ್ಕಳು ಧರ್ಮದ ಕಾರಣಕ್ಕೆ ಬಾವುಟಕ್ಕೆ ಸೆಲ್ಯೂಟ್ ಹೊಡೆಯಲ್ಲ ಅಂದಾಗ 1940ರಲ್ಲಿ ಸುಪ್ರೀಂ ಕೋರ್ಟ್ 8-1ರಲ್ಲಿ ಹೊಡೀಲೇಬೇಕು ಅಂದಿತ್ತು, ಬರೀ ಮೂರು ವರ್ಷಕ್ಕೆ 1943ರಲ್ಲಿ 6-3ರಲ್ಲಿ ಬಲವಂತ ಮಾಡಂಗಿಲ್ಲ ಅಂತ ಉಲ್ಟಾ ಹೊಡೀತು, ಮೊದಲು ಹೊಡೀಲಿ ಅಂದಿದ್ದವರಲ್ಲೇ ಮೂವರು ಮನಸ್ಸು ಬದಲಾಯಿಸಿದ್ರು. ಇನ್ನು ತೆರಿಗೆ ಎಷ್ಟಿರಬೇಕು, ರಸ್ತೆ ಮೊದಲಾ ಆಸ್ಪತ್ರೆ ಮೊದಲಾ, ಇಂಥದ್ದರಲ್ಲಿ ಕೋರ್ಟ್ ಮೂಗು ತೂರಿಸಿದ್ರೆ ನಾನೂ ನಿಮ್ಮಣ್ಣನ ಪಕ್ಷಾನೇ, ಅದು ಓಟು ಹಾಕಿದವರಿಗೇ ಬಿಟ್ಟಿದ್ದು.